ಹೊಟ್ಟೆ ತುಂಬಿದವರ ಊರ ನಡಿಗೆ

ನಡೆದಾಡಲಿಕ್ಕೆ ದುಡ್ಡು ಕೊಟ್ಟು ಬಂದೆ ಎಂದು ಬಟ್ಟೆ ಅಂಗಡಿಯ ಸಾಹುಕಾರರು ಹೇಳಿದಾಗ ನಾವು ಯಾರೂ ನಂಬಲಿಲ್ಲ. ಶಹಾಪುರದಲ್ಲಿ ನಡೆಯುವುದೆಂದರೆ ಬಸ್ಸು ತಪ್ಪಿದವರು ಮಾಡುವ ಕೆಲಸ. ಸಾಹುಕಾರರಂತೂ ಮನೆಯಿಂದ ಅಂಗಡಿಗೆ ಇರುವ ನೂರು ಹೆಜ್ಜೆಯನ್ನೂ ಸ್ಕೂಟರಿನ ಮೇಲೆ ದಾಟುವವರು. ಸೀರೆ ಖರೀದಿಗೆ ಹೈದರಾಬಾದಿಗೆ ಹೋಗಿದ್ದಾಗ ಯಾರೋ ಅವರನ್ನು ಹಳೆ ಪಟ್ಟಣದ ಗಲ್ಲಿಗಳಲ್ಲಿ ಮೂರು ತಾಸು ತಿರುಗಿಸಿ, ಒಂದು ಕಡೆ ಅರ್ಧ ಬಿಸ್ಕತ್ತು, ಇನ್ನೊಂದು ಕಡೆ ಎರಡು ಗುಟುಕು ಚಹಾ ಕೊಟ್ಟು ಕಳಿಸಿದ್ದರಂತೆ.

"ಈ ಗೋಡಿ ಯಾವ ನವಾಬ ಕಟ್ಟಿಸಿದ, ಆ ಗೋಡಿ ಯಾವ ನವಾಬ ಕೆಡವಿಸಿದ ಅಂತ ಹೇಳ್ತಾನ್ರಿ. ನಡುನಡುವ ತುಸು ತಿನ್ನಾಕ ಕೊಡ್ತಾನ. ಮಂದಿ ಹಿಂಡ ಹಿಂಡ ಬರಾಕತ್ಯಾರ. ನಮ್ಮೂರಾಗ ಗೋಡಿ ಇಲ್ಲೇನು? ತಿನ್ನಾಕ ಇಲ್ಲೇನು?" ಎಂದರು ಸಾಹುಕಾರರು.

ಎರಡೂ ಇದ್ದವು. ಒಂದೇ ವಾರದಲ್ಲಿ ಸಮಿತಿಯೂ ಆಯಿತು. ನಮ್ಮೂರಲ್ಲಿ ಕೆಲಸ ತಡವಾಗುತ್ತದೆ, ಸಮಿತಿ ಎಂದೂ ತಡವಾಗುವುದಿಲ್ಲ. ಸಾಹುಕಾರರು ಅಧ್ಯಕ್ಷರಾದರು. ಹೆಡ್ ಕ್ಲರ್ಕ್ ಆಗಿ ನಿವೃತ್ತರಾದ ಒಬ್ಬರು ಕಾರ್ಯದರ್ಶಿಯಾದರು. ಯಾವ ಕಾಗದವನ್ನಾದರೂ ಮೂರು ಪ್ರತಿ ಮಾಡದಿದ್ದರೆ ಅವರಿಗೆ ಊಟ ಸೇರುತ್ತಿರಲಿಲ್ಲ. ಇತಿಹಾಸ ಹೇಳಲಿಕ್ಕೆ ಒಬ್ಬ ಬೇಕಲ್ಲ, ಅದಕ್ಕೆ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸುತ್ತಿದ್ದ ನನ್ನನ್ನು ಹಿಡಿದರು.

ಯಾದಗಿರಿ ಆಗ ಹೊಸದಾಗಿ ಜಿಲ್ಲೆಯಾಗಿತ್ತು. ಜಿಲ್ಲೆಯಾದ ಮೇಲೆ ತಮ್ಮೂರಿಗೂ ಒಂದು ಇತಿಹಾಸ ಇರಬೇಕು ಎಂದು ಎಲ್ಲರಿಗೂ ಒಮ್ಮೆಲೇ ಅನ್ನಿಸತೊಡಗಿತ್ತು. ಸುರಪುರದವರಿಗೆ ಅರಮನೆ ಇತ್ತು, ಇಂಗ್ಲಿಷರ ವಿರುದ್ಧ ಎದ್ದ ದಂಗೆ ಇತ್ತು. ಅವರು ಅದನ್ನು ಮದುವೆ ಊಟದ ಪಂಕ್ತಿಯಲ್ಲೂ ಹೇಳದೆ ಬಿಡುತ್ತಿರಲಿಲ್ಲ. ನಮಗೆ ಗುಡ್ಡ ಇತ್ತು. ದೂರದಿಂದ ನೋಡಿದರೆ ಬುದ್ಧ ಅಂಗಾತ ಮಲಗಿದ ಹಾಗೆ ಕಾಣುವ ಗುಡ್ಡ: ಹಣೆ, ಮೂಗು, ಗದ್ದ, ಎದೆ ಎಲ್ಲ ಸ್ಪಷ್ಟ. ಅಷ್ಟು ವರ್ಷ ಅದರ ಬುಡದಲ್ಲಿ ಕಲ್ಲು ಒಡೆದವರಿಗೂ ಈಗ ಅದರ ಮೇಲೆ ಭಕ್ತಿ ಬಂದಿತ್ತು.

ನನ್ನನ್ನು ಸೇರಿಸಿಕೊಂಡದ್ದರ ಹಿಂದೆ ಈ ಗುಡ್ಡವೂ ಇತ್ತು. ನಮ್ಮದು ಬೌದ್ಧರ ಓಣಿ. ಅಜ್ಜನ ಕಾಲದಲ್ಲಿ ಊರು ನಮ್ಮನ್ನು ಮುಟ್ಟಿಸಿಕೊಳ್ಳುತ್ತಿರಲಿಲ್ಲ. ಅಪ್ಪನ ಕಾಲದಲ್ಲಿ ನಾವು ಬುದ್ಧನ ಕಡೆ ಹೋದೆವು. ನನ್ನ ಕಾಲಕ್ಕೆ ಊರಿನವರು ನನ್ನನ್ನು ರಸ್ತೆಯಲ್ಲಿ ನಿಲ್ಲಿಸಿ ಮಾತಾಡಿಸತೊಡಗಿದ್ದರು, ಮನೆಗೆ ಮಾತ್ರ ಬರುತ್ತಿರಲಿಲ್ಲ. ಬುದ್ಧನ ಗುಡ್ಡ ತೋರಿಸಲಿಕ್ಕೆ ಬೌದ್ಧ ಮಾಸ್ತರನೇ ಸಿಕ್ಕರೆ ಕರಪತ್ರದಲ್ಲಿ ಚೆನ್ನಾಗಿ ಕಾಣುತ್ತದೆ ಎಂದು ಕಾರ್ಯದರ್ಶಿಗಳು ನನ್ನೆದುರಿಗೇ ಹೇಳಿದರು. ನನಗೆ ಸಿಟ್ಟು ಬರಬೇಕಿತ್ತು. ಆದರೆ ಆ ವಯಸ್ಸಿನಲ್ಲಿ ಕೈಗೆ ಮೈಕು ಕೊಟ್ಟರೆ ನನಗೆ ಯಾರ ಮೇಲೂ ಸಿಟ್ಟು ಬರುತ್ತಿರಲಿಲ್ಲ.

ದಾರಿ ಹಾಕಿದವನು ನಾನೇ. ಮೊದಲು ಸಾಹುಕಾರರ ಮನೆ, ಅಲ್ಲಿಯ ಮುಂಬಾಗಿಲು ನಿಜಾಮರ ಕಾಲದ್ದು. ಎರಡನೆಯದು ಹಳೆ ಬಾವಿಗೆ ಹತ್ತಿಕೊಂಡಿರುವ ಕಾರ್ಯದರ್ಶಿಗಳ ಮನೆ. ಆಮೇಲೆ ಕೋಟೆಯ ಬುಡದ ಒಂದು ಖಾನಾವಳಿ. ಕೊನೆಗೆ ನಮ್ಮ ಮನೆಯ ಅಂಗಳ, ಯಾಕೆಂದರೆ ಬುದ್ಧನ ಮುಖ ಅಲ್ಲಿಂದ ಕಂಡಷ್ಟು ಚಂದ ಬೇರೆಲ್ಲಿಂದಲೂ ಕಾಣುವುದಿಲ್ಲ. ಊರು ನಮ್ಮನ್ನು ಹೊರಗೆ ಹಾಕಿದ್ದರಿಂದ ನಮಗಾದ ಲಾಭ ಅದೊಂದೇ. ಸಮಿತಿ ಇದಕ್ಕೆ ಒಪ್ಪುವುದಿಲ್ಲ ಎಂದುಕೊಂಡು ಭಾಷಣವನ್ನೇ ತಯಾರು ಮಾಡಿಕೊಂಡು ಹೋಗಿದ್ದೆ. "ಭೇಷ್, ಅಲ್ಲೇ ಮುಗಸೂಣು" ಎಂದು ಇಬ್ಬರೂ ತಕ್ಷಣ ಒಪ್ಪಿದರು. ಅಷ್ಟು ಬೇಗ ಒಪ್ಪಿದಾಗಲೇ ನನಗೆ ತಿಳಿಯಬೇಕಿತ್ತು.

ಮನೆಗೆ ಬಂದು ಅವ್ವನಿಗೆ ಹೇಳಿದೆ. ಅವಳು ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ಕೇಳಿದಳು, "ನೋಡಿ ಹೋಗ್ತಾರೋ, ಉಂಡು ಹೋಗ್ತಾರೋ?"

"ಉಂಡೇ ಹೋಗ್ತಾರವ್ವ. ಎಲ್ಲಾ ಮನ್ಯಾಗೂ ತುಸು ತುಸು."

"ಸಾವಕಾರ್ರೂ?"

"ಸಾವಕಾರ್ರೂ ಬರ್ತಾರ."

ಅವ್ವ ಐವತ್ತು ವರ್ಷ ಊರಿನವರ ಹೊಲಗಳಲ್ಲಿ ಕಳೆ ತೆಗೆದವಳು. ಕಾಲುವೆ ಬಂದ ಮೇಲೆ ಮೊಣಕಾಲುದ್ದ ಕೆಸರಲ್ಲಿ ನಿಂತು ಭತ್ತದ ನಾಟಿ ಹಚ್ಚಿದವಳು. ಸಾಹುಕಾರರ ಹೊಲದಲ್ಲೂ ಹಚ್ಚಿದ್ದಾಳೆ. ಅವಳು ಬೆಳೆದದ್ದನ್ನು ಊರೆಲ್ಲ ಉಂಡಿತ್ತು, ಅವಳು ಬೇಯಿಸಿದ್ದನ್ನು ಊರಿನ ಒಬ್ಬರೂ ಉಂಡಿರಲಿಲ್ಲ. "ಊರಾಗಿನವ್ರು ಒಮ್ಮಿ ನನ್ನ ಮನ್ಯಾಗ ಕುಂತು ಉಂಡ್ರ ಸಾಕು ನೋಡು, ಮತ್ತೇನೂ ಬ್ಯಾಡ ನನಗ" ಎಂದಳು. ಮರುದಿನ ಸಂತೆಗೆ ಹೋಗಿ ಎರಡು ಡಜನ್ ಸ್ಟೀಲಿನ ತಾಟು ತಂದಳು.

ಮೊದಲ ನಡಿಗೆಗೆ ಯಾದಗಿರಿಯಿಂದ ಬ್ಯಾಂಕಿನವರು, ಕಾಲೇಜಿನವರು, ಸೈದಾಪುರದ ಕಡೆಯ ಕಾರ್ಖಾನೆಗಳಿಂದ ಇಬ್ಬರು ಎಂಜಿನಿಯರರು, ಹೀಗೆ ಇಪ್ಪತ್ತು ಜನ ಬಂದರು. ಒಬ್ಬರಿಗೆ ಒಂದು ತುತ್ತು, ಹೆಚ್ಚು ಬೇಡ ಎಂದು ಕಾರ್ಯದರ್ಶಿಗಳು ಪ್ರತಿ ಮನೆಗೂ ಸೂಚನೆ ಬರೆದು ಕಳಿಸಿದ್ದರು. ಹೈದರಾಬಾದಿನಲ್ಲಿ ನಡೆಯುವ ಈ ಪದ್ಧತಿ ನಮ್ಮಲ್ಲಿ ನಡೆಯುವುದಿಲ್ಲ ಎಂಬುದು ಮೊದಲ ಮನೆಯಲ್ಲೇ ಗೊತ್ತಾಯಿತು. ನಮ್ಮ ಕಡೆ ಮನೆಗೆ ಬಂದವರಿಗೆ ರುಚಿ ತೋರಿಸಿ ಕಳಿಸುವುದೆಂದರೆ ಬೈದು ಕಳಿಸಿದ ಹಾಗೆ.

"ಒಂದೊಂದ ತುತ್ತು ಕೊಡಾಕ ಇದೇನ್ ಗುಡಿ ಅದ ಏನ್ರಿ, ತೀರ್ಥ ಕೊಟ್ಟಂಗ?" ಎಂದು ಸಾಹುಕಾರರ ಹೆಂಡತಿ ಸೂಚನೆಯ ಕಾಗದವನ್ನು ಒಲೆಗೆ ಹಾಕಿದ್ದರು. ಗೋಧಿ ಹುಗ್ಗಿ, ಅದರ ಮೇಲೆ ತುಪ್ಪ, ಕಡಕ್ ರೊಟ್ಟಿ, ಎಣ್ಣೆಗಾಯಿ, ಮೊಸರನ್ನ. ಯಾರಾದರೂ ಸಾಕು ಅಂದರೆ ಅವರು ಸೊಂಟಕ್ಕೆ ಕೈಯಿಟ್ಟು ನಿಲ್ಲುತ್ತಿದ್ದರು: "ಯಾಕ್ರಿ, ನಮ್ಮನಿ ಊಟ ನಡ್ಯಾಂಗಿಲ್ಲೇನು?"  ತಾಟು ಮುಂದೆ ಹಿಡಿಯುವುದೊಂದೇ ದಾರಿ.

ತಾಟುಗಳು ಕಾಗದದವು. ಸಂವಿಧಾನ ಅಷ್ಟು ವರ್ಷದಲ್ಲಿ ಮಾಡಲಾಗದ್ದನ್ನು ಕಾಗದದ ತಾಟು ಒಂದೇ ಬೆಳಿಗ್ಗೆ ಮಾಡಿತು. ನಾನು ಸಾಹುಕಾರರ ಪಡಸಾಲೆಯಲ್ಲಿ ಕೂತು ಉಂಡೆ. ಉಂಡ ತಾಟು ಯಾರು ತೊಳೆಯಬೇಕು ಎಂಬ ಪ್ರಶ್ನೆಯೇ ಇಲ್ಲ, ತಿಪ್ಪೆಗೆ ಎಸೆದರೆ ಮುಗಿಯಿತು.

ಕಾರ್ಯದರ್ಶಿಗಳ ಮನೆಯಲ್ಲಿ ಹೋಳಿಗೆ. ಖಾನಾವಳಿಯಲ್ಲಿ ಮಿರ್ಚಿ ಭಜಿ, ಮಂಡಾಳ ಸುಸಲಾ, ಅಂದರೆ ಮಂಡಕ್ಕಿ ಒಗ್ಗರಣೆ. ಎರಡು ತಾಸಿನ ನಡಿಗೆ ನಮ್ಮ ಅಂಗಳ ಮುಟ್ಟುವಾಗ ಮಧ್ಯಾಹ್ನ ಮೂರು ಗಂಟೆ. ನಾನು ಗುಡ್ಡದ ಕಡೆ ಕೈ ತೋರಿಸಿ ಬುದ್ಧನ ಮಹಾಪರಿನಿರ್ವಾಣ ಹೇಳತೊಡಗಿದೆ. ಮಲಗಿದವನನ್ನು ನೋಡಿ ಎಲ್ಲರಿಗೂ ಅವನ ಹಾಗೆ ಮಲಗಬೇಕು ಅನ್ನಿಸಿತು. ಎಂಜಿನಿಯರರಿಬ್ಬರು ಬೇವಿನ ಗಿಡದ ಕೆಳಗೆ ಮಲಗಿಯೂ ಬಿಟ್ಟರು. ಅವ್ವ ಹೊಸ ತಾಟುಗಳಲ್ಲಿ ಸಜ್ಜೆ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹಿಂಡಿ ಹಾಕಿಕೊಂಡು ಬಂದಳು. ಎಲ್ಲರೂ ಹೊಟ್ಟೆಯ ಮೇಲೆ ಕೈಯಾಡಿಸಿದರು.

"ಹೊಟ್ಟಿ ಬಿರ್ಯಾಕತ್ತದ ಯವ್ವಾ. ಮುಂದಿನ ಸಲ ನೋಡೂಣು" ಎಂದರು ಸಾಹುಕಾರರು, ಬಹಳ ವಿನಯದಿಂದ.

ಅವ್ವ ನನ್ನ ಮುಖ ನೋಡಿದಳು. ನಾನೂ ನಾಲ್ಕು ಹೋಳಿಗೆ ತಿಂದವನು. "ನಂದೂ ತುಂಬ್ಯಾದವ್ವ" ಎಂದೆ. ಈಗಲೂ ಅದನ್ನು ನೆನೆದರೆ ನನ್ನ ಮೇಲೇ ನನಗೆ ಹೇಸಿಕೆಯಾಗುತ್ತದೆ. ಸಂಜೆ ಅವಳು ಅಷ್ಟೂ ರೊಟ್ಟಿಯನ್ನು ಓಣಿಯಲ್ಲಿ ಹಂಚಿದಳು.

ಎರಡನೆಯ ನಡಿಗೆಯಲ್ಲೂ ಹೀಗೇ ಆಯಿತು. ಮೂರನೆಯದರಲ್ಲೂ. ಹೊಟ್ಟೆ ತುಂಬಿದವರನ್ನು ಯಾರೂ ದೂರುವಂತಿಲ್ಲ. ಊರು ಎಷ್ಟು ಉಪಚಾರ ಮಾಡಿತೋ ಅಷ್ಟು ಹೊಟ್ಟೆ ತುಂಬಿತ್ತು. ಇಷ್ಟು ಮುತುವರ್ಜಿಯಿಂದ ಯಾರನ್ನಾದರೂ ಹೊರಗಿಟ್ಟದ್ದನ್ನು ನಾನು ಪಠ್ಯಪುಸ್ತಕದಲ್ಲೂ ಓದಿಲ್ಲ. ಆದರೂ ನಾನು ಕಾಕತಾಳೀಯ ಎಂದೇ ನಂಬಿಕೊಂಡಿದ್ದೆ. ಓದಿದವನಿಗೆ ಇಂಥ ಶಬ್ದಗಳು ಕೈಗೆ ಬೇಗ ಸಿಗುತ್ತವೆ.

ಅವ್ವ ಓದಿದವಳಲ್ಲ. ಮೂರನೆಯ ನಡಿಗೆಯ ಸಂಜೆ ತಾಟು ಒರೆಸಿಡುತ್ತ ಹೇಳಿದಳು, "ಕಾಲುವಿ ತುದಿ ಹೊಲದವ್ರ ಪಾಡು ಆಗ್ಯಾದ ನಂದು. ಮ್ಯಾಲಿನವ್ರು ಹೊಲ ತುಂಬ ನೀರು ಹಾಸಿಕೋತಾರ, ತುದಿಗೆ ಹನಿ ಬರಂಗಿಲ್ಲ. ಕೇಳಿದ್ರ, ನಾವೇನ್ ಬ್ಯಾಡಂದೇವೇನು, ನೀರೇ ಬರ್ಲಿಲ್ಲ ಅಂತಾರ. ಪಾಳಿ ಬದಲ್ ಮಾಡು. ಮೊದಲನೇ ಪಾಳಿ ನನಗಿಡು. ನೋಡೂಣು ಹೊಟ್ಟಿ ಎಲ್ಲಿ ತುಂಬಿರ್ತದ."

ದಾರಿ ಹಾಕುವ ಅಧಿಕಾರ ನನ್ನ ಕೈಯಲ್ಲಿತ್ತು. ಮುಂದಿನ ಸಭೆಯಲ್ಲಿ ನಾನು ಗಂಟಲು ಸರಿಮಾಡಿಕೊಂಡು, ಇತಿಹಾಸವನ್ನು ಕಾಲಾನುಕ್ರಮದಲ್ಲಿ ಹೇಳಬೇಕು, ನಾವು ಇಷ್ಟು ದಿನ ತಿರುಗುಮುರುಗಾಗಿ ಹೇಳುತ್ತಿದ್ದೇವೆ ಎಂದೆ. ಬುದ್ಧ ಕೋಟೆಗಿಂತ ಮೊದಲು, ಕೋಟೆ ಬಾವಿಗಿಂತ ಮೊದಲು, ನಿಜಾಮರ ಬಾಗಿಲು ಎಲ್ಲಕ್ಕಿಂತ ಕೊನೆಗೆ. ಬಾವಿ ಯಾವಾಗಿನದು ಎಂದು ನನಗೆ ಗೊತ್ತಿರಲಿಲ್ಲ, ಆದರೆ ಕೇಳುವವರಿಗೂ ಗೊತ್ತಿರಲಿಲ್ಲ. ಸಾಹುಕಾರರು ಕಾರ್ಯದರ್ಶಿಗಳ ಮುಖ ನೋಡಿದರು. ಕಾರ್ಯದರ್ಶಿಗಳು ತಾರಸಿಯ ಕಡೆ ನೋಡಿದರು. ಬುದ್ಧ ನಿಜಾಮರಿಗಿಂತ ಹಿಂದಿನವನು ಎಂಬುದನ್ನು ಅಲ್ಲಗಳೆಯುವ ದಾರಿ ಇಬ್ಬರಿಗೂ ಹೊಳೆಯಲಿಲ್ಲ. ಎಲ್ಲರೂ ಖಾಲಿ ಹೊಟ್ಟೆಯಲ್ಲಿ ಬರಬೇಕು ಎಂದು ಈ ಸಲ ಸೂಚನೆ ಬರೆಸಿದವನು ನಾನು.

ಆ ಭಾನುವಾರ ಎಂಟು ಗಂಟೆಗೇ ಬಂದವರು ಅಂಗಳದ ಚಾಪೆಯ ಮೇಲೆ ಸಾಲಾಗಿ ಕೂತರು. ಅವ್ವ ಬಿಳಿ ಸೀರೆ ಉಟ್ಟು ತಾನೇ ಬಡಿಸಿದಳು. ಬಿಸಿ ರೊಟ್ಟಿ, ಹುಳಿ ಹುಳಿ ಪುಂಡಿಪಲ್ಯ, ಮೇಲೆ ಬೆಳ್ಳುಳ್ಳಿ ಒಗ್ಗರಣೆ. ಯಾದಗಿರಿಯ ಕಾಲೇಜಿನಲ್ಲಿ ಕಲಿಸುವ ಒಬ್ಬ ಹೆಣ್ಣುಮಗಳು, ಎಲ್ಲರೂ ಲೆಕ್ಚರರ್ ಬಾಯಿ ಅನ್ನುತ್ತಿದ್ದವರು, ಮೂರು ರೊಟ್ಟಿ ಉಂಡು, "ನಮ್ಮ ಅಮ್ಮನ ಕೈಯಾಗಿನ ಪಲ್ಯ ಆದಂಗ ಆಗ್ಯಾದ್ರಿ" ಎಂದರು. ಅವ್ವ ನಕ್ಕಳು. ಆದರೆ ಅವಳ ಕಣ್ಣು ಚಾಪೆಯ ಮೇಲೆ ಇರಲಿಲ್ಲ. ಸಾಹುಕಾರರು ಮತ್ತು ಕಾರ್ಯದರ್ಶಿಗಳು ಬೇವಿನ ಗಿಡದ ಕೆಳಗೆ ನಿಂತು ಗುಡ್ಡದ ಎತ್ತರ ಎಷ್ಟಿರಬಹುದು ಎಂದು ಚರ್ಚೆ ಮಾಡುತ್ತಿದ್ದರು. ಅಷ್ಟು ವರ್ಷದಲ್ಲಿ ಅವರಿಗೆ ಎಂದೂ ಬಾರದ ಸಂಶಯ ಅದು.

ನಾನು ಹೋಗಿ ಕರೆದೆ.

"ಇವತ್ತ ನಂದು ಹರಕಿ ಉಪಾಸ ಅದ ಮಾಸ್ತರ್ರ. ಸಂಜಿತನಾ ಏನೂ ಮುಟ್ಟಂಗಿಲ್ಲ" ಎಂದರು ಸಾಹುಕಾರರು.

ಕಾರ್ಯದರ್ಶಿಗಳು ಅವರ ಹಿಂದೆಯೇ, "ನಂದು ಶುಗರ್ ಟೆಸ್ಟ್ ಅದ. ಖಾಲಿ ಹೊಟ್ಟಿಲೆ ರಕ್ತ ಕೊಡಬೇಕು" ಎಂದರು.

"ಐತವಾರ ಲ್ಯಾಬ್ ಬಂದ್ ಇರ್ತದಲ್ರಿ?"

"ಕೊಡೂದು ನಾಳಿ. ಇವತ್ತಿಂದ ರೂಢಿ ಮಾಡಾಕತ್ತೀನಿ."

ಇದು ಅವ್ವನಿಗೆ ಕೇಳಿಸಿತು. ಉಪವಾಸ ಎಂದ ಮೇಲೆ ಯಾರನ್ನೂ ಒತ್ತಾಯ ಮಾಡುವಂತಿಲ್ಲ. ಅವಳು ಒಳಗೆ ಹೋಗಿ ಬಾಳೆಹಣ್ಣು ತಂದಳು. ಹಣ್ಣಿಗೆ ಸಿಪ್ಪೆ ಇರುತ್ತದೆ, ಆದ್ದರಿಂದ ಹಣ್ಣನ್ನು ಸಾಹುಕಾರರು ತೆಗೆದುಕೊಂಡರು, ತೆಗೆದುಕೊಂಡು ಚೀಲದಲ್ಲಿ ಇಟ್ಟುಕೊಂಡರು. ಅವ್ವ ಚರಿಗೆಯಲ್ಲಿ ನೀರು ತಂದಳು. "ನೀರಿಗೇನ್ ಉಪಾಸ ಇರಂಗಿಲ್ಲಲ್ರಿ ಸಾವಕಾರ್ರ, ಬಿಸಲಾಗ ಬಂದೀರಿ, ಕುಡೀರಿ" ಎಂದಳು.

"ನೀರ ಅದ ಯವ್ವಾ" ಎಂದು ಅವರು ಚೀಲದಿಂದ ಬಾಟಲಿ ತೆಗೆದರು. ಆ ಬಾಟಲಿಯಲ್ಲಿದ್ದದ್ದೂ ಕಾಲುವೆಯ ನೀರು, ಅವ್ವನ ಚರಿಗೆಯಲ್ಲಿದ್ದದ್ದೂ ಕಾಲುವೆಯ ನೀರು. ಒಂದೇ ಟಾಕಿಯಿಂದ ಎರಡು ಕಡೆ ಬಂದದ್ದು. ಅವರು ಎರಡು ಗುಟುಕು ಕುಡಿದು ಮುಚ್ಚಳ ತಿರುವಿದರು. ಅವ್ವ ಚರಿಗೆಯನ್ನು ಕೆಳಗಿಟ್ಟಳು. ಚಾಪೆಯ ಮೇಲೆ ಕೂತಿದ್ದ ಲೆಕ್ಚರರ್ ಬಾಯಿ ಇದನ್ನು ನೋಡುತ್ತಿದ್ದರು. ನನ್ನ ಮೈ ಉರಿದು ಹೋಯಿತು, ಆದರೆ ಬಾಯಲ್ಲಿ ಬಂದದ್ದು, "ಇನ್ನು ಮುಂದ ಹೋಗೂಣ್ರಿ" ಎಂಬ ಮಾತು.

ಇಪ್ಪತ್ತು ಜನರೆದುರು ಉಪವಾಸ ಅಂದ ಮೇಲೆ ಉಪವಾಸ ಇರಲೇಬೇಕಲ್ಲ. ಖಾನಾವಳಿಯಲ್ಲಿ ಬಾಣಲೆಯಿಂದ ಮಿರ್ಚಿ ಏಳುತ್ತಿದ್ದರೆ ಸಾಹುಕಾರರು ಕೋಟೆಯ ಗೋಡೆಯ ಕಡೆ ಮುಖ ತಿರುಗಿಸಿ ನಿಂತರು. ಆ ಗೋಡೆಯನ್ನು ಅಷ್ಟು ಶ್ರದ್ಧೆಯಿಂದ ನೋಡಿದವರು ಅವರೊಬ್ಬರೇ. ಕಾರ್ಯದರ್ಶಿಗಳು ಕೈ ತೊಳೆಯಲು ಒಳಗೆ ಹೋದವರು ಹತ್ತು ನಿಮಿಷ ಬಿಟ್ಟು ಮೀಸೆ ಒರೆಸಿಕೊಳ್ಳುತ್ತ ಹೊರಬಂದರು. ಕಾರ್ಯದರ್ಶಿಗಳ ಮನೆಯಲ್ಲಿ ಹೋಳಿಗೆಯ ವಾಸನೆಗೆ ಸಾಹುಕಾರರು ಎರಡು ಸಲ ಹೊರಗೆ ಹೋಗಿ ಬಂದರು. ನನಗೆ ಒಳಗೊಳಗೇ ಸಂತೋಷವಾಗುತ್ತಿತ್ತು. ಬೇರೇನೂ ಮಾಡಲಾಗದವನಿಗೆ ಅಷ್ಟಾದರೂ ಬೇಕಲ್ಲ.

ಸಾಹುಕಾರರ ಮನೆ ಮುಟ್ಟಿದಾಗ ಒಂದು ಗಂಟೆ. ಅವರ ಹೆಂಡತಿ ಎಲ್ಲರಿಗೂ ಹುಗ್ಗಿ ಬಡಿಸಿ, ಗಂಡನಿಗೂ ಒಂದು ತಾಟು ತಂದರು. ಅವರು ಬೇಡ ಎಂದು ಕಣ್ಣಿನಲ್ಲೇ ಹೇಳಿದರು. ಆ ತಾಯಿಗೆ ಕಣ್ಣಿನ ಭಾಷೆ ತಿಳಿಯಲಿಲ್ಲ.

"ಇವತ್ತ ನಂದು ಉಪಾಸಲ್ಲೇನು" ಎಂದರು ಸಾಹುಕಾರರು.

"ಉಪಾಸ? ಯಾವ ಉಪಾಸ? ಮುಂಜಾನೆ ಎರಡ ತಾಟ ಸುಸಲಾ ಹೊಡದು ಹೋಗೀರಿ. ಮ್ಯಾಲ ಬಟ್ಟಲ ಚಾ ಕುಡದೀರಿ!"

ಜನ ಗೊಳ್ಳೆಂದು ನಕ್ಕರು. ಲೆಕ್ಚರರ್ ಬಾಯಿ ನಗಲಿಲ್ಲ. ತಾಟು ಕೆಳಗಿಟ್ಟು, ಯಾರನ್ನೂ ನೋಡದೆ ಕೇಳಿದರು, "ಹಂಗಾರ ಮುಂಜಾನೆ ಅವ್ವಾರ ಮನ್ಯಾಗ ಯಾಕ ಉಣಲಿಲ್ರಿ?"

ನಗು ನಿಂತಿತು.  ಸಾಹುಕಾರರ ಹೆಂಡತಿ ಗಂಡನ ಕಡೆ ನೋಡಿದರು. ಈ ಪ್ರಶ್ನೆಗೆ ಉತ್ತರ ಗೊತ್ತಿದ್ದವನು ನಾನು. ಮಾತಾಡುವುದೇ ನನ್ನ ಕೆಲಸ. ಇಪ್ಪತ್ತು ಜನ ನನ್ನ ಮಾತು ಕೇಳಲೆಂದೇ ಬಂದಿದ್ದರು. ನಾನು ಎದ್ದು ನಿಂತೆ.

"ಈ ಬಾಗಿಲು ನೋಡಿದ್ರೇನು? ಪೂರಾ ತೇಗದ ಕಟ್ಟಿಗೆ. ನಿಜಾಮರ ಕಾಲದ್ದು" ಎಂದೆ.

ಎಲ್ಲರೂ ಬಾಗಿಲು ನೋಡಿದರು. ಅವರಿಗೂ ಎಲ್ಲಿಯಾದರೂ ನೋಡಬೇಕಿತ್ತು. ಸಾಹುಕಾರರು ನನ್ನ ಕಡೆ ಕೃತಜ್ಞತೆಯಿಂದ ನೋಡಿದ ಆ ನೋಟವನ್ನು ನಾನು ಇಂದಿಗೂ ಮರೆತಿಲ್ಲ. ಅದಕ್ಕಿಂತ ಒಂದು ಏಟು ಹೊಡೆದಿದ್ದರೆ ಚೆನ್ನಾಗಿತ್ತು. ಆಮೇಲೆ ನಾನು ಕೂತು ಹುಗ್ಗಿ ಮುಗಿಸಿದೆ. ಹುಗ್ಗಿ ಬಹಳ ರುಚಿಯಾಗಿತ್ತು ಎಂಬುದನ್ನೂ ಹೇಳಿಬಿಡಬೇಕು.

ಮನೆಗೆ ಬಂದು ಅವ್ವನಿಗೆ ಎಲ್ಲವನ್ನೂ ಹೇಳಿದೆ, ಬಾಗಿಲಿನ ಮಾತು ಒಂದನ್ನು ಬಿಟ್ಟು. ಯಾದಗಿರಿಯವರು ಹೊಟ್ಟೆ ತುಂಬ ಉಂಡರಲ್ಲ ಎಂದು ಸಮಾಧಾನ ಹೇಳಲು ಹೋದೆ. "ಉಂಡ್ರು, ಭಾಳ ಛಲೋ ಆತು. ಅವ್ರು ಸಂಜಿಗೆ ಬಸ್ಸು ಹತ್ತಿ ಹೋಗ್ಯಾರ. ನಾ ಬಾಳೇ ಮಾಡೂದು ಈ ಊರಾಗ" ಎಂದಳು.

ದೀಪ ಹಚ್ಚುವ ಹೊತ್ತಿಗೆ ಅಂಗಳದಲ್ಲಿ ಯಾರೋ ಕೆಮ್ಮಿದರು. ಸಾಹುಕಾರರು. ಸ್ಕೂಟರ್ ತಂದಿರಲಿಲ್ಲ, ತಲೆಯ ಮೇಲೆ ವಲ್ಲಿ ಹೊದ್ದುಕೊಂಡಿದ್ದರು. ಓಣಿಯ ಹಿಂದಿನ ದಾರಿಯಿಂದ ನಡೆದು ಬಂದಿದ್ದರು. ನಡಿಗೆಯ ದಿನವೂ ಸ್ಕೂಟರಿನಲ್ಲೇ ಬರುತ್ತಿದ್ದ ನಮ್ಮ ಅಧ್ಯಕ್ಷರು ನಿಜವಾ‌ಗಿ ನಡೆದದ್ದನ್ನು ನಾನು ಅಂದೇ ನೋಡಿದ್ದು. ಆ ಲೆಕ್ಚರರ್ ಬಾಯಿ ಹೋಗುವಾಗ, ಈ ವಿಷಯವನ್ನು ಪತ್ರಿಕೆಗೆ ಬರೆಯುತ್ತೇನೆ ಎಂದು ಹೇಳಿ ಹೋಗಿದ್ದರಂತೆ.

"ಮುಂಜಾನೆ ತಪ್ಪಾತು ಯವ್ವಾ. ಏನರೆ ಇದ್ರ ಹಾಕು, ಉಂಡೇ ಹೋಗ್ತೀನಿ" ಎಂದು ಅವರು ಕಟ್ಟೆಯ ಮೇಲೆ ಕೂತರು. ಕೂರುವ ಮೊದಲು ಹಿಂದೆ ತಿರುಗಿ ಓಣಿಯ ಎರಡೂ ಕಡೆ ನೋಡಿದರು.

ಅವ್ವ ಇಷ್ಟು ವರ್ಷ ಕಾದದ್ದು ಇದಕ್ಕೇ. ಸಾಹುಕಾರರು ತಾವಾಗಿ ಬಂದು, ಕೂತು, ಬಾಯಿಬಿಟ್ಟು ಕೇಳಿದ್ದರು. ನಾನು ತಾಟು ತರಲು ಒಳಗೆ ಹೊರಟೆ. ಅವ್ವ ಕೈ ಅಡ್ಡ ಹಿಡಿದಳು.

"ಈಗ ಬ್ಯಾಡ್ರಿ ಸಾವಕಾರ್ರ. ಐತವಾರ ಬರ್ರಿ."

"ಯಾಕ ಯವ್ವಾ, ರೊಟ್ಟಿ ಇಲ್ಲೇನು?"

"ಅವ. ಬುಟ್ಟಿ ತುಂಬ ಅವ. ಐತವಾರ ಬಿಸಲಿದ್ದಾಗ ಬರ್ರಿ. ನಾಕ ಮಂದಿ ನೋಡೂವಾಗ ಬಂದು ಕುಂದರ್ರಿ. ಬಿಸಿ ರೊಟ್ಟಿ ಬಡದು ಹಾಕ್ತೀನಿ."

 ಸಾಹುಕಾರರು ಎದ್ದು ವಲ್ಲಿ ಸರಿಮಾಡಿಕೊಂಡು ಬಂದ ದಾರಿಯಲ್ಲೇ ಹೋದರು. ನಮ್ಮ ಮನೆಯಲ್ಲಿ ಊಟ ಕೇಳಿದವರು ಉಣ್ಣದೆ ಎದ್ದು ಹೋದದ್ದನ್ನು ನಾನು ಅದುವರೆಗೆ ನೋಡಿರಲಿಲ್ಲ. ಅವ್ವ ಬೇಡ ಅಂದದ್ದನ್ನಂತೂ ಕೇಳಿಯೇ ಇರಲಿಲ್ಲ.

"ಮನಿಗೆ ಬಂದು ಬೇಡಿದವ್ರನ್ನ ಹಂಗ ಕಳಸ್ತಾರೇನವ್ವ?" ಎಂದೆ.

"ಹಸದು ಬಂದಿದ್ರ ಹಾಕ್ತಿದ್ದೆ. ಹೆದರಿ ಬಂದಾನ ಅಂವ" ಎಂದು ಅವಳು ಬುಟ್ಟಿ ಮುಚ್ಚಿದಳು.

ಪತ್ರಿಕೆಯಲ್ಲಿ ಏನೂ ಬರಲಿಲ್ಲ. ಬಿಸಿಲು ಹೆಚ್ಚಾಗಿದೆ ಎಂದು ಸಮಿತಿ ನಡಿಗೆಯನ್ನು ಮುಂದೂಡಿತು, ಮಳೆಗಾಲದಲ್ಲಿ ಕೆಸರು ಎಂದು ಮತ್ತೆ ಮುಂದೂಡಿತು, ಆಮೇಲೆ ಮುಂದೂಡುವುದನ್ನೂ ಮರೆಯಿತು. ಅವ್ವ ಅದಾದ ಮೇಲೆ ಮೂರು ವರ್ಷ ಇದ್ದಳು. ಭಾನುವಾರಗಳು ಒಂದೂ ತಪ್ಪದೆ ಬಂದವು, ಸಾಹುಕಾರರು ಬರಲಿಲ್ಲ.